ದೀಪ ಹಚ್ಚುವ ಹೊತ್ತು, ಬಣ್ಣ ಹಚ್ಚುವ ಹೊತ್ತು

ಗ್ರಾಮಸೇವಿಕೆಯರ ಕೆಲಸಕ್ಕೆ ಹೊಸದಾಗಿ ಸೇರಿದ ಕೆಲವು ಹುಡುಗಿಯರು ಮೊನ್ನೆ ಕೊಪ್ಪಳದ ನನ್ನ ಕೋಣೆಗೆ ಬಂದಿದ್ದರು. ಕೈಯಲ್ಲಿ ಚಿತ್ರಪಟದ ಸುರುಳಿ, ಹೊರಗೆ ಜೀಪು, ಜೀಪಿನ ನೆತ್ತಿಯ ಮೇಲೆ ಮೈಕು. "ಅಮ್ಮಾರ, ನೀವು ಆ ಕಾಲದಾಗ ಮನಿ ಮನಿ ತಿರುಗಿ ದೀಪದ ಪ್ರಚಾರ ಮಾಡಿದವರಂತ. ಜನ ನಮ್ಮ ಮಾತು ಕೇಳಬೇಕಂದ್ರ ಏನು ಮಾಡಬೇಕ್ರಿ?" ಎಂದು ಕೇಳಿದರು. ನಾನು ಹೇಳಲು ಶುರು ಮಾಡಿದೆ, ಅವರು ಗಡಿಯಾರ ನೋಡಲು ಶುರು ಮಾಡಿದರು. ಹೋಗಲಿ ಬಿಡಿ. ಕೂತು ಕೇಳಲು ಅವರಿಗೆ ಪುರಸೊತ್ತಿಲ್ಲ, ಕೂತು ಹೇಳಲು ನನಗೂ ಬರುವುದಿಲ್ಲ. ಈ ಬರಹವನ್ನೂ ಅರ್ಧ ಕೂತು, ಅರ್ಧ ಓಡಾಡಿಯೇ ಬರೆಯುತ್ತಿದ್ದೇನೆ. ಎರಡು ಸಾಲು ಬರೆದರೆ ಬಾಗಿಲಿಗೆ ಹೋಗಿ ಬೀದಿ ನೋಡಿ ಬರಬೇಕು. ಕಂಪನಿಯಲ್ಲಿ ಹುಟ್ಟಿದವರಿಗೆ ಇದು ಇದ್ದದ್ದೇ.

ಹೌದು, ನಾನು ನಾಟಕ ಕಂಪನಿಯಲ್ಲಿ ಹುಟ್ಟಿದವಳು. ಹೆಸರು ಶೇವಂತಿ, ಊರ ಜನರ ಬಾಯಲ್ಲಿ ಶೇವಂತಿಬಾಯಿ. ತಾಯಿ ನಟಿ. ತಂದೆಯ ಮಾತನ್ನು ಯಾರೂ ಎತ್ತಲಿಲ್ಲ, ನಾನೂ ಕೇಳಲಿಲ್ಲ. ಆಗ ನಿಜಾಮರ ಆಳ್ವಿಕೆ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಎಂದು ಕಂಪನಿಯ ಗಾಡಿಗಳು ತಿರುಗುತ್ತಿದ್ದವು. ಎಲ್ಲಿ ತಗಡಿನ ಥೇಟರು ನಿಲ್ಲಿಸಿದರೋ ಅದೇ ನಮ್ಮ ಊರು. ಪಟ್ಟದ ರಾಣಿ, ಪತಿವ್ರತೆ, ಸವತಿ, ಬಂಜೆ, ಏನು ಕೊಟ್ಟರೂ ಮಾಡಿದೆ. ಪ್ರತಿ ನಾಟಕದಲ್ಲೂ ಮನೆಯ ಸೊಸೆ ದೀಪ ಹಚ್ಚಿ ಕೈಮುಗಿಯುವ ದೃಶ್ಯ ಒಂದಿರುತ್ತಿತ್ತು. ಅದಕ್ಕೆ ನನ್ನನ್ನೇ ಹಾಕುತ್ತಿದ್ದರು. ನಾನು ಕೈಮುಗಿದರೆ ಚಪ್ಪಾಳೆ ಬೀಳುತ್ತಿತ್ತು.

ಆದರೆ ಊರಿನ ಮನೆಗಳಲ್ಲಿ ನಿಜವಾಗಿ ದೀಪ ಹಚ್ಚುವ ಹೊತ್ತಿಗೆ ನಾನು ಕನ್ನಡಿಯ ಮುಂದೆ ಕೂತು ಮುಖಕ್ಕೆ ಬಣ್ಣ ಹಚ್ಚುತ್ತಿದ್ದೆ. ನನಗೆ ಮನೆ ಇರಲಿಲ್ಲ. ಇನ್ನೊಬ್ಬರ ಮನೆಯೊಳಗೆ ಹೋಗುವಂತೆಯೂ ಇರಲಿಲ್ಲ. ಕಂಪನಿಯ ಹೆಂಗಸನ್ನು ಯಾವ ಗೃಹಸ್ಥರು ಹೊಸ್ತಿಲ ಒಳಗೆ ಕರೆದಾರು? ಒಮ್ಮೆಯಾದರೂ ಒಂದು ಮನೆಯೊಳಗೆ ನಿಂತು, ಮುಸ್ಸಂಜೆಯಲ್ಲಿ, ಆ ಮನೆಯವರು ನೋಡುತ್ತಿರುವಾಗ ನಿಜವಾದ ದೀಪ ಹಚ್ಚಬೇಕು ಅನ್ನಿಸುತ್ತಿತ್ತು. ಹುಚ್ಚು ಆಸೆ ಅನ್ನಿ. ಯಾರಿಗೂ ಹೇಳಿರಲಿಲ್ಲ, ಆದರೆ ಅದು ನನ್ನನ್ನು ಒಂದು ಕಡೆ ನಿಲ್ಲಲು ಬಿಡುತ್ತಿರಲಿಲ್ಲ.

ಎರಡನೆಯ ಮಹಾಯುದ್ಧ ಬಂತು. ಚಿಮಣಿ ಎಣ್ಣೆ ಮಾಯವಾಯಿತು. ಈಗಿನವರು ಸೀಮೆ ಎಣ್ಣೆ ಅನ್ನುತ್ತೀರಿ, ನಮ್ಮ ಕಡೆ ಚಿಮಣಿ ಎಣ್ಣೆ. ನಮ್ಮ ಕಂಪನಿಯ ಜೀವವೇ ಅದು, ಏಕೆಂದರೆ ರಂಗದ ಗ್ಯಾಸ್‌ಬತ್ತಿಗಳೆಲ್ಲ ಅದರಲ್ಲೇ ಉರಿಯುತ್ತಿದ್ದವು. ಗ್ಯಾಸ್‌ಬತ್ತಿ ನೋಡಿಕೊಳ್ಳುತ್ತಿದ್ದವನು ಹುಸೇನಸಾಬ, ನನ್ನ ಪಾಲಿಗೆ ಹುಸೇನ ಕಾಕಾ. ಹತ್ತಿ ಹಿಂಜಿ ಗಾದಿ ತುಂಬುವ ಪಿಂಜಾರರ ಮನೆಯಲ್ಲಿ ಹುಟ್ಟಿ ನಾಟಕದ ಹುಚ್ಚಿಗೆ ಮನೆ ಬಿಟ್ಟವನು. ಗಂಗಾವತಿಯ ಕ್ಯಾಂಪಿನಲ್ಲಿ ಒಂದು ಸಂಜೆ ಆಟ ಶುರುವಾಗಿ ನನ್ನ ಮೊದಲ ಹಾಡು ಅರ್ಧಕ್ಕೆ ಬಂದಿರಬೇಕು, ಬತ್ತಿಗಳು ಒಂದೊಂದಾಗಿ ಮಿಣುಕಿ ಆರಿಹೋದವು. ಥೇಟರು ಕಗ್ಗತ್ತಲು. ಶಿಳ್ಳೆ, ಬೈಗುಳ, ಕುರ್ಚಿಗಳ ಸದ್ದು. ನಾನು ಹಾಡು ನಿಲ್ಲಿಸಲಿಲ್ಲ. ನಿಲ್ಲಿಸಿದರೆ ಜನ ಎದ್ದು ಹೋಗುತ್ತಾರೆ, ಅಷ್ಟು ಮಾತ್ರ ಗೊತ್ತಿತ್ತು.

ಆಗ ಹೆಂಗಸರ ಸಾಲಿನಿಂದ ಒಬ್ಬಾಕೆ ಎದ್ದು ಹೋಗಿ, ಪಕ್ಕದ ತನ್ನ ಮನೆಯಿಂದ ಒಂದು ಮಣ್ಣಿನ ಪಣತಿ ತಂದಳು. ಅದರಲ್ಲಿ ಔಡಲ ಎಣ್ಣೆ, ಅಂದರೆ ಹರಳೆಣ್ಣೆ ಉರಿಯುತ್ತಿತ್ತು. ಇಸಿದುಕೊಳ್ಳಲು ನಾನು ಕೈ ಚಾಚಿದೆ. ಆಕೆ ಕೊಡಲಿಲ್ಲ. ರಂಗದ ಹಲಗೆಯ ಅಂಚಿನ ಮೇಲೆ ಇಟ್ಟು ಹಿಂದೆ ಸರಿದಳು. ಆ ಪುಟ್ಟ ಬೆಳಕಿನಲ್ಲಿ ಜನ ನನ್ನ ಮುಖ ನೋಡಲು ಮುಂದಕ್ಕೆ ಬಾಗಿದರು, ಗದ್ದಲ ತಾನೇ ಇಳಿಯಿತು. ಹಾಡು ಮುಗಿಸಿದೆ. ಅಂಥ ನಿಶ್ಶಬ್ದವನ್ನು ಗ್ಯಾಸ್‌ಬತ್ತಿಯ ಕೆಳಗೆ ನಾನು ಎಂದೂ ಕೇಳಿರಲಿಲ್ಲ. ಆದರೂ ರಾತ್ರಿಯೆಲ್ಲ ತಲೆಯಲ್ಲಿ ಕೊರೆದದ್ದು ಬೇರೆ: ಕೈಗೆ ಯಾಕೆ ಕೊಡಲಿಲ್ಲ?

ಮಾಲೀಕರು ಮುಂದಿನ ವಾರ ಪರದೆ ಸುತ್ತಿ ಗಾಡಿಗೆ ಹಾಕಿದರು. ಕಂಪನಿ ಮುಗಿಯಿತು.

ಬತ್ತಿ ಆರಿದ ಆ ರಾತ್ರಿಯ ಆಟ ನೋಡಲು ಗುಂಡೇರಾಯ ಮಾಸ್ತರರು ಬಂದಿದ್ದರು. ಕೊಪ್ಪಳದಲ್ಲಿ ಸಾಲಿ ಮಾಸ್ತರಿಕೆ ಬಿಟ್ಟು ಊರುದ್ಧಾರಕ್ಕೆ ನಿಂತವರು. ಎಣ್ಣೆ ಇಲ್ಲದೆ ಹಳ್ಳಿ ಹಳ್ಳಿಗಳು ಕತ್ತಲಲ್ಲಿ ಕೂತಿದ್ದವು, ಆದರೆ ಹೊಲದ ಬದುವಿನ ಮೇಲೆ ಔಡಲ ಬೆಳೆದು ಬಿದ್ದು ಹೋಗುತ್ತಿತ್ತು. ತಗಡಿನ ಚಿಮಣಿ ಬುಡ್ಡಿಯ ರೂಢಿ ಹತ್ತಿದ ಜನ ಪಣತಿಯನ್ನು ಹಬ್ಬಕ್ಕೆ ಮಾತ್ರ ಎಂದು ಅಟ್ಟಕ್ಕೆ ಹಾಕಿದ್ದರು. ಬುಡ್ಡಿ ಉರುಳಿ ಸೀರೆಗೆ ಬೆಂಕಿ ಹತ್ತಿದ ಸುದ್ದಿ ಪ್ರತಿ ಊರಲ್ಲೂ ಒಂದಾದರೂ ಇರುತ್ತಿತ್ತು. ಜನರಿಗೆ ಇದನ್ನು ತಿಳಿಸಿ ಹೇಳಲು ಮಾಸ್ತರರಿಗೆ ಒಂದು ಗಂಟಲು ಬೇಕಾಗಿತ್ತು.

"ನೋಡವಾ ಬಾಯಿ, ನಿನಗ ದನಿ ಐತಿ, ಧೈರ್ಯ ಐತಿ. ಕತ್ತಲಾಗ ಜನರನ್ನ ಕುಂದ್ರಸಾಕ ಬರತೈತಿ. ಈ ಕೆಲಸಕ್ಕ ಬಾ," ಎಂದರು.

"ನಾ ಕಂಪನಿಯಾಕಿ ಅದೀನ್ರಿ. ನನ್ನ ಮಾತು ಮನಿವಂತ ಹೆಂಗಸರು ಕೇಳ್ತಾರೇನ್ರಿ?"

"ಮೊದಲು ಹೇಳು. ಆಮ್ಯಾಲೆ ಕೇಳ್ತಾರೋ ಇಲ್ಲೋ ನೋಡೂಣು."

ನನಗೂ ಸುಮ್ಮನೆ ಕೂರಲು ಆಗುತ್ತಿರಲಿಲ್ಲ. ಹುಸೇನ ಕಾಕಾನನ್ನು ಎಳೆದುಕೊಂಡೆ. ಒಂದು ಎತ್ತಿನ ಗಾಡಿ, ಹುಲ್ಲಿನಲ್ಲಿ ಹುದುಗಿಸಿದ ಪಣತಿಗಳು, ಎರಡು ಚೀಲ ಹತ್ತಿ, ಒಂದು ಕೊಡ ಎಣ್ಣೆ. ಹೀಗೆ ಹೊರಟೆವು.

ಮಾಸ್ತರರು ಭಾಷಣ ಬರೆದು ಕೊಟ್ಟಿದ್ದರು. ಅಬ್ಬಾ, ಏನು ಭಾಷಣ! ಅಜ್ಞಾನಾಂಧಕಾರ, ಜ್ಞಾನಜ್ಯೋತಿ, ಪುರಾತನ ಪರಂಪರೆ. ಒಂದಕ್ಷರ ಬಿಡದೆ ಬಾಯಿಪಾಠ ಮಾಡಿದೆ. ಹನುಮಸಾಗರದ ಸಂತೆಯಲ್ಲಿ ಗಾಡಿಯ ಮೇಲೆ ನಿಂತು, ಸೆರಗು ಸರಿಮಾಡಿಕೊಂಡು ಒದರಿದೆ. ಜೋಳ ಕೊಳ್ಳುವವರು ಬಿಟ್ಟು ಬಂದರು, ಮೆಣಸಿನಕಾಯಿ ಮಾರುವವರು ಬಿಟ್ಟು ಬಂದರು. ಮುಗಿದಾಗ ಚಪ್ಪಾಳೆ ಬಿತ್ತು. ನನ್ನ ಎದೆ ಉಬ್ಬಿತು. ಆಗ ಮುಂದೆ ನಿಂತಿದ್ದ ಗಡ್ಡದ ರೈತನೊಬ್ಬ ಕೂಗಿದ: "ಮಾತು ಭಾಳ ಛಲೋ ಆತ್ರಿ ಬಾಯಾರ. ಈಗ ಒಂದು ಪದ ಹಾಡಿಬಿಡ್ರಿ!"

ಹಾಡಿದೆ. ಏನು ಮಾಡಲಿ? ಒಂದು ಪಣತಿಯೂ ಹೋಗಲಿಲ್ಲ. ಕಾಕಾ ಗಾಡಿ ಹೂಡುತ್ತ ನಕ್ಕ, "ಶೇವಂತಿ, ನಾವು ಆಟ ಮುಗಿಸೀವಿ ಅಂದ್ಕೊಂಡಿದ್ವಿ. ಕಂಪನಿ ಇನ್ನೂ ನಡದೇ ಐತಿ!"

ಹುಡುಗಿಯರೇ, ನಿಮ್ಮ ಮೈಕಿಗೂ ಇದನ್ನೇ ಹೇಳುತ್ತೇನೆ. ಜನ ಬಂದು ಸೇರಿದ ಮಾತ್ರಕ್ಕೆ ಕೆಲಸ ಆಯಿತು ಎಂದುಕೊಳ್ಳಬೇಡಿ.

ಕುಷ್ಟಗಿಯಲ್ಲಿ ಪೊಲೀಸ್ ಜಮಾದಾರ ಗಾಡಿ ನಿಲ್ಲಿಸಿದ. ಆಗಿನ ಸರ್ಕಾರದಲ್ಲಿ ನಾಲ್ಕು ಜನರ ಮುಂದೆ ನಿಂತು ಮಾತಾಡಬೇಕಾದರೂ ಇಜಾಜತ್ ಬೇಕು, ಅಂದರೆ ಪರವಾನಗಿ.

"ಏನಿದು ತಕರೀರ್?" ಎಂದ.

"ಭಾಷಣ ಅಲ್ರಿ ಜಮಾದಾರ ಸಾಹೇಬ್ರ, ದೀಪದ ಮಾತು."

"ದೀಪ ಅಂದ್ರ ಬೆಳಕು. ಬೆಳಕು ಅಂದ್ರ ಜನ ಎಚ್ಚರಾಗೂದು. ಜನ ಎಚ್ಚರಾದ್ರ ಸರ್ಕಾರದ ಮ್ಯಾಲೆ ಬರೂದು. ನನಗೇನು ತಿಳಿಯಂಗಿಲ್ಲ ಅಂದ್ಕೊಂಡಿ?"

ಅವನ ತರ್ಕಕ್ಕೆ ನಾನೇ ದಂಗಾದೆ, ನಮ್ಮ ಮಾಸ್ತರರಿಗಿಂತ ಇವನೇ ಚೆನ್ನಾಗಿ ಭಾಷಣ ಮಾಡುತ್ತಿದ್ದ. ಚಾವಡಿಯ ಮುಂದೆಯೇ ಎಲ್ಲ ಮಾಡಿ ತೋರಿಸು ಎಂದ. ತೋರಿಸಿದೆ: ಇದು ಔಡಲ, ಇದು ಹತ್ತಿ, ಇದು ಪಣತಿ. ಎಣ್ಣೆ ಹೀಗೆ ಬಿಡಬೇಕು, ಕುಡಿ ಹೀಗೆ ಚಿವುಟಬೇಕು. ಮುಖ ಗಂಟಿಕ್ಕಿಕೊಂಡು ಕೊನೆಯವರೆಗೆ ನೋಡಿದ, ಪಣತಿ ಎತ್ತಿ ಅಡಿಯೂ ನೋಡಿದ. ಆಮೇಲೆ ಕಾಕಾನನ್ನು ಬೇವಿನ ಮರದ ಹಿಂದೆ ಕರೆದು ಮೆಲ್ಲಗೆ, "ಮನ್ಯಾಗ ಚಿಮಣಿ ಎಣ್ಣಿ ಇಲ್ಲದ ನಮ್ಮ ಬೀಬಿ ದಿನಾ ಜಗಳ ತಗೀತಾಳ. ಎರಡು ಪಣತಿ ಕೊಡು. ಯಾರಿಗೂ ಹೇಳಬ್ಯಾಡ," ಎಂದ. ನಮ್ಮ ಪ್ರಚಾರಕ್ಕೆ ಬಿದ್ದ ಮೊದಲ ಮನೆ ಅದು.

ಈಗ ನನ್ನ ದೊಡ್ಡ ಎಡವಟ್ಟಿಗೆ ಬರುತ್ತೇನೆ. ಇದನ್ನು ಹೇಳುವ ಮೊದಲು ಒಂದು ಸುತ್ತು ಬೀದಿಗೆ ಹೋಗಿ ಬಂದೆ.

ಯಲಬುರ್ಗಾ ಸೀಮೆ, ಇಟಗಿಯ ಗುಡಿಯಿಂದ ಕೂಗಳತೆ ದೂರದ ಒಂದು ಊರು. ಅಲ್ಲಿನ ದೊಡ್ಡ ಒಕ್ಕಲು ಮನೆಯ ಹಿರಿಯಾಕೆ ನೀಲವ್ವ. ಎತ್ತರದ ಹೆಂಗಸು, ಹಣೆಯ ತುಂಬ ವಿಭೂತಿ, ಮಾತು ಕಡಿಮೆ. ಆಕೆ ಒಪ್ಪಿದರೆ ಊರಿನ ಹೆಂಗಸರೆಲ್ಲ ಒಪ್ಪಿದಂತೆ ಎಂದು ಮಾಸ್ತರರು ಹೇಳಿ ಕಳಿಸಿದ್ದರು. ಅವರ ಮನೆಯ ಮುಂದಿನ ಕಟ್ಟೆಯ ಮೇಲೆ ಹೆಂಗಸರನ್ನು ಕೂಡಿಸಿದೆ. ಭಾಷಣ ಬಿಟ್ಟಿದ್ದೆ, ಈಗ ಅಭಿನಯ ಹಿಡಿದಿದ್ದೆ. ಅತ್ತೆಯಾಗಿ ಒಮ್ಮೆ, ಸೊಸೆಯಾಗಿ ಒಮ್ಮೆ ಮಾತಾಡಿ ಎಲ್ಲರನ್ನೂ ನಗಿಸಿದೆ. ನೀಲವ್ವನ ತುಟಿಯಂಚು ಕೂಡ ಸಡಿಲಾಯಿತು. ಈಗ ಗೆದ್ದೆ ಅಂದುಕೊಂಡು, ಪಣತಿ ಮುಂದಿಟ್ಟು, "ಎಣ್ಣಿ ತುಟ್ಟಿ ಆಗೇತಿ, ಹಿಂಗ ಹಚ್ಚಿದ್ರ ಅರ್ಧಕ್ಕರ್ಧ ಉಳಿತೈತಿ ನೋಡ್ರಿ," ಎಂದು ಒಂದೇ ಒಂದು ಬತ್ತಿ ಇಟ್ಟು ದೀಪ ಹಚ್ಚಿದೆ. ಹಚ್ಚಿ, ರಂಗದ ಮೇಲೆ ಕೈಮುಗಿಯುವ ಹಾಗೆ ಚೆಂದಾಗಿ ಕೈಮುಗಿದೆ.

ನಗು ನಿಂತಿತು. ಯಾರೋ ಮಗುವನ್ನು ಎದೆಗೆ ಒತ್ತಿಕೊಂಡು ಎದ್ದರು. ಇನ್ನಿಬ್ಬರು ಎದ್ದರು. ನೀಲವ್ವ ನನ್ನನ್ನೇ ನೋಡಿದಳು.

"ಯಾಕ ಬಾಯಿ, ನಮ್ಮ ಮನ್ಯಾಗ ಯಾರು ಸತ್ತಾರಂತ ಒಂಟಿ ಬತ್ತಿ ಹಚ್ಚಿದಿ?"

ನನಗೆ ಅರ್ಥವಾಗಲಿಲ್ಲ. ಅರ್ಥವಾಗದೆ ಹಲ್ಲು ಕಿರಿದೆ, ಅದು ಇನ್ನೂ ಕೆಟ್ಟದ್ದಾಯಿತು. ಆಕೆ ಎದ್ದು ಒಳಗೆ ಹೋದಳು, ಸೊಸೆಯಂದಿರು ಹಿಂದೆ ಹೋದರು, ಬಾಗಿಲು ಬಿತ್ತು. ಒಂಟಿ ಬತ್ತಿಯ ದೀಪ ಹೆಣದ ತಲೆಯ ಕಡೆ ಇಡುವುದು. ಬದುಕಿದವರ ಮನೆಗೆ ಜೋಡಿ ಬತ್ತಿ. ಮನೆಯಲ್ಲಿ ಬೆಳೆದ ಚಿಕ್ಕ ಹುಡುಗಿಗೂ ಗೊತ್ತಿರುವ ಸಂಗತಿ ಇದು. ಕಂಪನಿಯಲ್ಲಿ ನಾನು ಹಚ್ಚುತ್ತಿದ್ದದ್ದು ಒಂದೇ ಬತ್ತಿ. ಬೆಳಕೆಲ್ಲ ಗ್ಯಾಸ್‌ಬತ್ತಿಯದು, ಕೈಯಲ್ಲಿನ ದೀಪ ಬರೀ ತೋರಿಕೆಗೆ. ಅದರಲ್ಲಿ ಎಷ್ಟು ಬತ್ತಿ ಇವೆ ಎಂದು ದೂರ ಕೂತ ಯಾರಿಗೆ ಕಾಣಬೇಕು?

"ಇದು ನನಗ ಸುದ್ದಾ ಗೊತ್ತೈತಲ್ಲ. ನಿನಗ ಗೊತ್ತಿಲ್ಲೇನು?" ಎಂದ ಕಾಕಾ. ಅವನು ಅಂದದ್ದು ಸಹಜವಾಗಿಯೇ. ಆದರೆ ನನಗೆ ಅಳು ಬಂತು. ನನಗೆ ಮನೆ ಇಲ್ಲ ಎಂಬುದು ಊರಿಗೆಲ್ಲ ಗೊತ್ತಿತ್ತು. ಅದು ನನ್ನ ಬೆರಳಿನಲ್ಲೂ ಕಾಣುತ್ತದೆ ಎಂದು ಅವತ್ತೇ ತಿಳಿದದ್ದು.

ಮಾಸ್ತರರು ಸಿಕ್ಕಾಪಟ್ಟೆ ಬೈದರು. "ಬತ್ತಿ ಸಣ್ಣದು ಮಾಡ್ರಿ ಅಂತ ಬರದಿದ್ದೆ, ಒಂದು ತಗದು ಒಗೀರಿ ಅಂತ ಬರದಿದ್ನೇನು? ಆ ಊರು ಬಿಟ್ಟುಬಿಡು. ಇನ್ನ ಅಲ್ಲಿ ಕಾಲಿಡಬ್ಯಾಡ." ನನಗೆ ಬಿಡಲಾಗಲಿಲ್ಲ. ಬೇರೆ ಊರುಗಳಲ್ಲಿ ತಿರುಗುವಾಗಲೂ ಮನಸ್ಸು ಅದೇ ಕಟ್ಟೆಯ ಮೇಲೆ. ವಿರೂಪಾಪುರಗಡ್ಡೆಗೆ ಹರಿಗೋಲಿನಲ್ಲಿ ಪಣತಿ ಸಾಗಿಸುವಾಗ ನೀರು ಕಂಡು ಹೆದರಿದ ಕಾಕಾ ಹತ್ತಿಯ ಚೀಲ ಅಪ್ಪಿಕೊಂಡು ಕೂತಿದ್ದ. ನಾನು ಅವನಿಗೆ ನೀಲವ್ವನ ಮಾತನ್ನೇ ಮತ್ತೆ ಮತ್ತೆ ಹೇಳುತ್ತಿದ್ದೆ. "ಯವ್ವಾ, ಮೊದಲು ದಂಡಿ ಮುಟ್ಟೂಣು, ಆಮ್ಯಾಲೆ ನಿನ್ನ ನೀಲವ್ವ!" ಎಂದು ಅರಚಿದ.

ಕೊನೆಗೆ ಒಂದು ಮಧ್ಯಾಹ್ನ ಹೇಳದೆ ಕೇಳದೆ ಆ ಊರಿಗೆ ಹೋದೆ. ಕಟ್ಟೆಯ ತುದಿಯಲ್ಲಿ ಕೂತು ಹತ್ತಿ ಬಿಡಿಸುತ್ತ ಬತ್ತಿ ಹೊಸೆಯತೊಡಗಿದೆ. ಮಾತಿಲ್ಲ, ಹಾಡಿಲ್ಲ, ನಟನೆ ಇಲ್ಲ. ಬಹಳ ಹೊತ್ತಿನ ಮೇಲೆ ನೀಲವ್ವ ಹೊರಗೆ ಬಂದು ನೋಡಿದಳು.

"ಏನು ಹೊಸೀತಿದಿ ಅದು, ಹಗ್ಗಾನೋ ಬತ್ತಿನೋ? ತಾ ಇಲ್ಲಿ." ನನ್ನ ಕೈಯಿಂದಲ್ಲ, ಕಟ್ಟೆಯ ಮೇಲಿಂದ ಹತ್ತಿ ಎತ್ತಿಕೊಂಡು, ಮೊಣಕಾಲ ಮೇಲೆ ಅಂಗೈ ಉಜ್ಜಿ ನಯವಾಗಿ ಹೊಸೆದಳು. "ಎರಡು ಬತ್ತಿ ಹೊಸೆದು ಜೋಡಿ ಮಾಡಿ ಇಡಬೇಕು. ಎಣ್ಣಿ ಉಳಸಬೇಕಂದ್ರ ಸಣ್ಣಗ ಹೊಸಿ. ಒಂದು ಮಾಡಬ್ಯಾಡ."

"ತಪ್ಪಾತ್ರಿ ಯವ್ವಾ. ಹೇಳಿಕೊಡಾವ್ರು ಯಾರೂ ಇರಲಿಲ್ಲ."

"ಈಗ ಹೇಳೀನಲ್ಲ." ಅಷ್ಟು ಹೇಳಿ ಒಳಗೆ ಹೋದಳು.

ಅಲ್ಲಿಂದ ನನ್ನ ಕೆಲಸದ ರೀತಿ ಬದಲಾಯಿತು. ಯಾವ ಊರಿಗೆ ಹೋದರೂ ಭಾಷಣವಿಲ್ಲ. ಕಟ್ಟೆಯ ಮೇಲೆ ಕೂತು ಬತ್ತಿ ಹೊಸೆಯುವುದು. ನನ್ನ ಬತ್ತಿ ನೋಡಿ ಹೆಂಗಸರು ತಪ್ಪು ಹೇಳಲು ಬರುತ್ತಿದ್ದರು. ತಪ್ಪು ಹೇಳಲು ಬಂದವರು ಕೂರುತ್ತಿದ್ದರು. ಕೂತವರು ಅಟ್ಟದ ಮೇಲಿನ ಪಣತಿ ಇಳಿಸುತ್ತಿದ್ದರು. ಊರಿನ ಗಾಣಿಗ ಮುಚ್ಚಿದ್ದ ಗಾಣ ಹೂಡುತ್ತಿದ್ದ. ನೀಲವ್ವನ ಊರಲ್ಲಂತೂ ಒಂದೆರಡು ಸುಗ್ಗಿ ಕಳೆಯುವಷ್ಟರಲ್ಲಿ ಚಿಮಣಿ ಬುಡ್ಡಿ ಹಚ್ಚುವ ಮನೆಯೇ ಉಳಿಯಲಿಲ್ಲ. ಯುದ್ಧ ಮುಗಿದು ಚಿಮಣಿ ಎಣ್ಣೆ ಅಲ್ಪಸ್ವಲ್ಪ ಸಿಗತೊಡಗಿದ ಮೇಲೂ ಆ ಊರು ತಿರುಗಿ ಅತ್ತ ಹೋಗಲಿಲ್ಲ.

ಆದರೆ ಹೊತ್ತು ಇಳಿಯುವಾಗ ಎಲ್ಲ ಊರಲ್ಲೂ ಒಂದೇ ಕಥೆ. ಎಣ್ಣೆ ಹಾಕಿ, ಬತ್ತಿ ಇಟ್ಟು, ಪಣತಿ ಸಿದ್ಧ ಮಾಡುವವರೆಗೂ ನಾನು. ಹಿತ್ತಲ ಬಾಗಿಲು ಮುಚ್ಚಿ, ಮುಂಬಾಗಿಲು ತೆರೆದು, ಮನೆಯಾಕೆ ಅದನ್ನು ಒಳಗೆ ಒಯ್ಯುತ್ತಿದ್ದಳು. ಒಳಗೆ ಬೆಳಕು ಮೂಡುತ್ತಿತ್ತು, ಮಕ್ಕಳು ಕೈಮುಗಿದು ಏನೋ ಗುಣುಗುಟ್ಟುವುದು ಕೇಳುತ್ತಿತ್ತು. ನಾನು ಕಟ್ಟೆ ಇಳಿದು ಬೀದಿಯಲ್ಲಿ ಅತ್ತಿಂದಿತ್ತ ತಿರುಗುತ್ತಿದ್ದೆ. ಆ ಹೊತ್ತಿನಲ್ಲಿ ನನಗೆ ನಿಂತಲ್ಲಿ ನಿಲ್ಲಲಾಗುತ್ತಿರಲಿಲ್ಲ. ಅಂಗೈ ತುರಿಸುತ್ತಿತ್ತು.

"ನಾನೂ ಹೊರಗ, ನೀನೂ ಹೊರಗ," ಎನ್ನುತ್ತಿದ್ದ ಕಾಕಾ, ಬೀಡಿ ಹೊತ್ತಿಸುತ್ತ. "ಮಾತಾಡಾಕ ಜತಿ ಆತು ಬಿಡು." ನನಗೆ ನಗು ಬರುತ್ತಿತ್ತು, ಅವನ ಮೇಲೆ ಸಿಟ್ಟೂ ಬರುತ್ತಿತ್ತು.

ಆಮೇಲೆ ಗಲಾಟೆಯ ದಿನಗಳು ಬಂದವು. ನಿಜಾಮರ ರಾಜ್ಯ ಉಳಿಯುತ್ತದೋ ಹೋಗುತ್ತದೋ ಎಂಬ ಕಾಲ. ಬಂದೂಕು ಹಿಡಿದ ಗುಂಪುಗಳು ಊರೂರು ತಿರುಗುತ್ತಿದ್ದವು. ಯಾರು ಯಾವ ಕಡೆಯವರೋ, ಬಂದೂಕು ಹಿಡಿದವರೆಲ್ಲ ನಮಗೆ ಒಂದೇ ಥರ ಕಾಣುತ್ತಿದ್ದರು. ಜನ ನಿಜಾಮರ ರಾಜ್ಯದ ಗಡಿ ದಾಟಿ ಮುಂಡರಗಿಯ ಕಡೆ ಹೋಗತೊಡಗಿದರು. ನೀಲವ್ವನ ಊರೂ ಎದ್ದಿತು. ನಾನು, ಕಾಕಾ ಅಂದು ಆ ಊರಲ್ಲೇ ಇದ್ದೆವು. ಗಾಡಿಗಳಿಗೆ ಮೂಟೆ, ಮಕ್ಕಳು, ಕರುಗಳು. ನೀಲವ್ವನ ಯಜಮಾನರು ಗಾಡಿಯ ಮೇಲೆ ಕೂತು ಅವಸರ ಮಾಡುತ್ತಿದ್ದರು. ನೀಲವ್ವ ಇಳಿದು ನನ್ನ ಹತ್ತಿರ ಬಂದಳು.

"ನೀ ಎಲ್ಲಿ ಹೊಂಟಿ?"

"ಎಲ್ಲಿಗೂ ಇಲ್ರಿ ಯವ್ವಾ. ನಮಗ ಗಾಡಿನೇ ಊರು."

ಆಕೆ ಸೆರಗಿನ ಗಂಟು ಬಿಚ್ಚಿದಳು. ಬೀಗದ ಕೈ. "ನಮ್ಮತ್ತಿ ಕೈಯಿಂದ ನನ್ನ ಕೈಗೆ ಬಂದ ದೀಪ ಐತಿ. ಒಂದಿನ ತಪ್ಪಿಲ್ಲ. ಹೊತ್ತು ಮುಣುಗೂ ಮುಂದ ಹಚ್ಚು. ಸಾಬ ಕೊಟಗ್ಯಾಗ ಇರಲಿ, ಉಳಿದ ದನಕ್ಕ ಮೇವು ಹಾಕಲಿ."

ನನ್ನ ಬಾಯಿ ಸುಮ್ಮನಿರುವುದಿಲ್ಲವಲ್ಲ. "ನನಗ ಹೋಗಾಕ ಊರಿಲ್ಲಂತ ಕೇಳಾಕತ್ತೀರೇನ್ರಿ?" ಎಂದುಬಿಟ್ಟೆ.

"ಊರಿಲ್ಲಂತ ಅಲ್ಲ. ನಿನಗ ಜೋಡಿ ಬತ್ತಿ ಇಡಾಕ ಬರತೈತಿ ಅಂತ ಕೇಳಾಕತ್ತೀನಿ," ಎಂದು ಕೀಲಿಯನ್ನು ಕೈ ಮೇಲೆ ಇಟ್ಟಳು. ಕಟ್ಟೆಯ ಮೇಲೆ ಅಲ್ಲ, ನನ್ನ ಕೈ ಮೇಲೆ. ಗಾಡಿ ಹೊರಟಿತು.

ಹುಡುಗಿಯರೇ, ನಾನು ಬಯಸಿದ್ದ ಮನೆ ಸಿಕ್ಕಿತ್ತು, ಆದರೆ ಅದರಲ್ಲಿ ಯಾರೂ ಇರಲಿಲ್ಲ. ಖಾಲಿ ಪಡಸಾಲೆ, ದೇವರ ಜಗಲಿ, ಪಕ್ಕದ ಗೋಡೆಯಲ್ಲಿ ಹೊಗೆ ಹಿಡಿದ ದೀಪದ ಗೂಡು. ಮೊದಲ ಸಂಜೆ ಅರ್ಧ ಎಣ್ಣೆ ನೆಲಕ್ಕೆ ಚೆಲ್ಲಿದೆ. ಹಚ್ಚಿದೆ, ಕೈಮುಗಿದೆ. ನೋಡುವವರಿಲ್ಲ, ಚಪ್ಪಾಳೆ ಇಲ್ಲ, ಗುಣುಗುಟ್ಟುವ ಮಕ್ಕಳಿಲ್ಲ. ನಾಲ್ಕು ಗೋಡೆಯ ಮಧ್ಯೆ ಗಾಣದ ಎತ್ತಿನ ಹಾಗೆ ಸುತ್ತಿದೆ. ಮರುದಿನವೂ ಹಚ್ಚಿದೆ, ಅದರ ಮರುದಿನವೂ. ಕಾಕಾ ಕೊಟ್ಟಿಗೆಯಿಂದ ಕೂಗುತ್ತಿದ್ದ: "ಬೆಳಕು ಕಂಡ್ರ ಬಂದೂಕಿನವ್ರು ಬರ್ತಾರ ನೋಡು, ಹಚ್ಚಬ್ಯಾಡ." ನನಗೂ ಭಯವಿತ್ತು. ಆದರೆ ಹೊತ್ತು ಇಳಿದರೆ ಕೈ ಸುಮ್ಮನಿರುತ್ತಿರಲಿಲ್ಲ.

ಅವನ ಮಾತು ಸುಳ್ಳಾಗಲಿಲ್ಲ. ಒಂದು ಸಂಜೆ ದೀಪ ಹಚ್ಚಿ ತಿರುಗುವಷ್ಟರಲ್ಲಿ ಬಾಗಿಲಲ್ಲಿ ನಾಲ್ಕೈದು ಮಂದಿ ಬಂದೂಕಿನವರು.

"ಯಾರದೀರಿ ಮನ್ಯಾಗ?"

ಜೀವಮಾನದಲ್ಲಿ ಕಲಿತದ್ದೆಲ್ಲ ಆ ಗಳಿಗೆಗೆ ಬಂತು. ಸೆರಗು ತಲೆಗೆ ಎಳೆದುಕೊಂಡೆ, ದನಿ ತಗ್ಗಿಸಿದೆ. "ನಾ ಈ ಮನಿ ಸೊಸಿ ಅದೀನ್ರಿ ಅಣ್ಣಾರ. ಅತ್ತಿ ಮಕ್ಕಳನ್ನ ಕರಕೊಂಡು ಬೀಗರ ಊರಿಗೆ ಹೋಗ್ಯಾಳ. ಗಂಡಸರು ಹೊಲಕ್ಕ ಹೋಗ್ಯಾರ."

"ಚಿಮಣಿ ಎಣ್ಣಿ ಡಬ್ಬಿ ಎಲ್ಲೈತಿ? ತಾ."

ಯಾಕೆ ಕೇಳುತ್ತಿದ್ದಾನೆ ಎಂದು ನನಗೆ ಗೊತ್ತಿತ್ತು. ಹಿಂದಿನ ವಾರ ಬೇರೊಂದು ಊರಿನ ಬಣವೆ, ಮಾಳಿಗೆಗಳು ಹೊತ್ತಿ ಉರಿದದ್ದು ನಮ್ಮ ಕಿವಿಗೂ ಬಿದ್ದಿತ್ತು. "ಚಿಮಣಿ ಎಣ್ಣಿ ಎಲ್ಲಿಂದ ತರೂನ್ರಿ? ಈ ಊರಾಗ ಎಲ್ಲಾರೂ ಔಡಲ ಎಣ್ಣಿನೇ ಹಚ್ತೀವಿ. ನೋಡ್ರಿ, ಅಲ್ಲೇ ಐತಲ್ಲ ದೀಪ." ನಂಬದೆ ಒಳಗೆ ನುಗ್ಗಿದರು, ಅಡುಗೆ ಮನೆಯ ಗಡಿಗೆಗಳನ್ನು ಒದ್ದರು. ಅಕ್ಕಪಕ್ಕದ ಬೀಗ ಒಡೆದು ನೋಡಿದರು. ಒಂದು ಬುಡ್ಡಿಯೂ ಸಿಗಲಿಲ್ಲ, ಒಂದು ಡಬ್ಬಿಯೂ ಸಿಗಲಿಲ್ಲ. ಬೈಯುತ್ತ ಒಂದು ಚೀಲ ಜೋಳ, ಬೀದಿಯಲ್ಲಿ ಸಿಕ್ಕ ಕೋಳಿಗಳನ್ನು ಎತ್ತಿಕೊಂಡು ಹೋದರು. ಅದಕ್ಕೇ ಊರು ಉಳಿಯಿತು ಎಂದು ನಾನು ಆಣೆ ಮಾಡಿ ಹೇಳಲಾರೆ. ಅವರಿಗೆ ಅವಸರವೂ ಇದ್ದಿರಬಹುದು. ಅವರು ಹೋದ ಮೇಲೆ ಕಾಕಾ ಕೊಟ್ಟಿಗೆಯಿಂದ ಬಂದು ನನ್ನ ಪಕ್ಕ ನೆಲದ ಮೇಲೆ ಕುಸಿದ. "ಏನು ನಟನಿ ಮಾಡಿದಿ ಶೇವಂತಿ!" ಎಂದ. ನಾನು ಹೋಗಿ ಉರುಳಿದ ಗಡಿಗೆಗಳನ್ನು ಎತ್ತಿಟ್ಟೆ. ಈ ಮನೆಯ ಸೊಸೆ ಎಂದು ಹೇಳುವಾಗ ಅದು ನಟನೆ ಅನ್ನಿಸಿರಲಿಲ್ಲ.

ಮಳೆಗಾಲ ಮುಗಿಯುವ ಹೊತ್ತಿಗೆ ರಾಜ್ಯ ಬದಲಾಯಿತು, ಗಾಡಿಗಳು ಹಿಂದಿರುಗಿದವು. ನೀಲವ್ವ ಬಂದಾಗ ಸಂಜೆ. ಅಂದಿನ ದೀಪ ಇನ್ನೂ ಹಚ್ಚಿರಲಿಲ್ಲ. ಪಣತಿಗೆ ಎಣ್ಣೆ ಹಾಕಿ, ಬತ್ತಿ ಜೋಡಿಸಿಟ್ಟಿದ್ದೆ. ಗಾಡಿಯ ಸದ್ದು ಕೇಳಿದ ತಕ್ಷಣ ರೂಢಿಯಂತೆ ಹೊಸ್ತಿಲು ದಾಟಿ, ಕಟ್ಟೆ ಇಳಿದು ಬೀದಿಯಲ್ಲಿ ನಿಂತೆ. ಮಕ್ಕಳು, ಸೊಸೆಯಂದಿರು ದಡಬಡ ಒಳಗೆ ಓಡಿದರು. ನೀಲವ್ವ ಸೊರಗಿದ್ದಳು. ನಾನು ಕೀಲಿ ಚಾಚಿದೆ.

ಆಕೆ ಅದರ ಕಡೆ ನೋಡಲೂ ಇಲ್ಲ. "ಹೊರಗ್ಯಾಕ ನಿಂತಿ ಶೇವಂತಿ? ಹೊತ್ತು ಮುಣುಗೇತಿ. ಹೋಗಿ ದೀಪ ಹಚ್ಚು, ನಾ ಕಾಲು ತೊಳಕೊಂಡು ಬರ್ತೀನಿ."

ಸೊಸೆಗೆ ದಿನಾ ಹೇಳುವ ಹಾಗೆ ಹೇಳಿದಳು, ಅಷ್ಟೇ. ನಾನು ಒಳಗೆ ಹೋದೆ. ಹಿತ್ತಲ ಬಾಗಿಲು ಹಾಕಿದೆ. ಮನೆ ತುಂಬ ಜನ. ಮಕ್ಕಳು ನನ್ನ ಕೈಯನ್ನೇ ನೋಡುತ್ತಿದ್ದರು. ಹಚ್ಚಿದೆ, ಕೈಮುಗಿದೆ. ಎಲ್ಲರೂ ಕೈಮುಗಿದರು, ಮಕ್ಕಳು ಗುಣುಗುಟ್ಟಿದರು. ಹಿಂದೆ ನೀಲವ್ವ ಬಂದು ನಿಂತಳು. ನಾನು ಮುಂದೇನು ಮಾಡಬೇಕೆಂದು ತಿಳಿಯದೆ, ಮಾತು ಮರೆತ ನಟಿಯ ಹಾಗೆ ನಿಂತೇ ಇದ್ದೆ.

"ದೀಪ ಹಚ್ಚಿದ ಮ್ಯಾಲೆ ಹಿರೇರ ಕಾಲು ಬೀಳಬೇಕು," ಎಂದು ಗದರಿದಳು ನೀಲವ್ವ. "ಅದನ್ನೂ ನಾನೇ ಹೇಳಿಕೊಡಬೇಕೇನ ನಿನಗ?"

ರಂಗದ ಮೇಲೆ ಎಷ್ಟೋ ಅತ್ತೆಯರ ಕಾಲಿಗೆ ಬಿದ್ದಿದ್ದೇನೆ. ಅಲ್ಲಿ ಕಾಲು ಮುಟ್ಟುವುದಿಲ್ಲ. ಬಾಗಿ ಕೈ ಹತ್ತಿರ ಒಯ್ದರೆ ಸಾಕು, ದೂರದವರಿಗೆ ಮುಟ್ಟಿದ ಹಾಗೆ ಕಾಣುತ್ತದೆ. ಅಂದು ಬಾಗಿ ಎರಡೂ ಕೈಯಿಂದ ಮುಟ್ಟಿದೆ. ಈಗಷ್ಟೇ ತೊಳೆದು ಬಂದ ಪಾದಗಳು, ಇನ್ನೂ ಒದ್ದೆಯಾಗಿದ್ದವು.